ಒಂದೇ ತಿಂಗಳ ಅಣ್ಣತಮ್ಮಂದಿರು

ವೆಲಿಬೋರ್ ಸ್ತಮೆಂಕೊವಿಚ್‌ನ ಎಡಗೈ ಅವನ ಮಾತು ಕೇಳುವುದನ್ನು ಬಿಟ್ಟು ಎಷ್ಟೋ ವರ್ಷಗಳಾಗಿದ್ದವು. ಫುಟ್‌ಬಾಲ್ ಗೋಲ್‌ಕೀಪರ್ ಆಗಿ ಆಡುವ ಕಾಲದಲ್ಲಿ ಇದರಿಂದ ಅವನಿಗೆ ನಷ್ಟವೇನೂ ಆಗಲಿಲ್ಲ. ನಿಜ ಹೇಳಬೇಕೆಂದರೆ ಅವನಿಗೆ ಅನ್ನ ಹಾಕಿದ್ದೇ ಆ ಕೈ. ಎದುರಾಳಿ ಪೆನಾಲ್ಟಿ ಒದೆಯಲು ಓಡಿ ಬರುತ್ತಿದ್ದಂತೆಯೇ ಅದು ಎಡಕ್ಕೆ ಹೊರಟುಬಿಡುತ್ತಿತ್ತು. ಮೈ ಅದರ ಹಿಂದೆ ಹೋಗುತ್ತಿತ್ತು, ಚೆಂಡು ಬಂದು ಅಂಗೈಗೆ ಬಡಿಯುತ್ತಿತ್ತು. ಹಾಗಾದರೆ ಅವನ ಬಲಕ್ಕೆ ಒದೆಯಬಾರದೇ ಎಂದು ಯಾರಾದರೂ ಕೇಳಬಹುದು. ಎಲ್ಲರೂ ಹಾಗೆಂದುಕೊಂಡೇ ಬರುತ್ತಿದ್ದರು. ಚೆಂಡಿನ ಮುಂದೆ ನಿಂತು ಒಮ್ಮೆ ಗೋಲಿನ ಕಡೆ ನೋಡಿದರೆಂದರೆ, ಅದೇನು ಮಾಯೆಯೋ, ಅವರ ಕಾಲು ವೆಲಿಬೋರನ ಎಡಬದಿಗೇ ತಿರುಗುತ್ತಿತ್ತು. ಟರ್ಕಿಯ ಆಟಗಾರನೊಬ್ಬ ಆಟ ಮುಗಿದ ಮೇಲೆ ಬಂದು, "ಗೋಲಿನಲ್ಲಿ ನಿನ್ನ ಪಕ್ಕ ನಿಂತಿದ್ದ ಆ ಹುಡುಗ ಯಾರು?" ಎಂದು ಕೇಳಿದ್ದ. ಗೋಲಿನಲ್ಲಿ ವೆಲಿಬೋರನ ಹೊರತು ಯಾರೂ ಇರಲಿಲ್ಲ. ಸೋತವನಿಗೆ ತಲೆ ಕೆಟ್ಟಿರಬೇಕು ಎಂದು ವೆಲಿಬೋರ್ ಎಲ್ಲರೆದುರು ನಕ್ಕುಬಿಟ್ಟ.

ತಿಮೋಕ್ ಹೊಳೆಯ ದಂಡೆಯಲ್ಲಿ, ಹುಲ್ಲಿಗಿಂತ ಮಣ್ಣೇ ಹೆಚ್ಚಿರುವ ನಮ್ಮೂರ ಮೈದಾನದಲ್ಲಿ ಬಿದ್ದೂ ಎದ್ದೂ ಕಲಿತವನು ಅವನು. ಬೆಲ್‌ಗ್ರೇಡಿನ ಒಂದು ತಂಡ ಕರೆದುಕೊಂಡು ಹೋಗಿ ಆಡಿಸದೆ ಬೆಂಚಿನ ಮೇಲೆ ಕೂರಿಸಿತು. ಅಲ್ಲಿಂದ ಗ್ರೀಸಿಗೆ ಹೋದ, ಅಲ್ಲೂ ಬೆಂಚೇ ಗತಿಯಾಯಿತು. ಎತ್ತರವಿತ್ತು, ಎದೆಗಾರಿಕೆಯಿತ್ತು, ಎಡಕ್ಕೆ ಹಾರುವುದರಲ್ಲಿ ಮಾತ್ರ ಎಮ್ಮೆ. "ದೊಡ್ಡವನನ್ನ ಕಳಿಸಿ ಚಿಕ್ಕವನನ್ನ ಉಳಿಸಿಕೊಂಡ್ವಿ, ಈ ವ್ಯಾಪಾರದಲ್ಲಿ ಗೆದ್ದೋರು ನಾವೇ" ಎಂದು ಊರಿನ ಕುಡುಕರು ಲೋಟ ಎತ್ತುತ್ತಿದ್ದರು. ಚಿಕ್ಕವನೆಂದರೆ ತಿಹೋಮಿರ್, ವೆಲಿಬೋರನಿಗಿಂತ ಎರಡು ವರ್ಷಕ್ಕೆ ಕಿರಿಯ ತಮ್ಮ, ಊರಿನ ತಂಡದ ಗೋಲ್‌ಕೀಪರ್. ಅವನು ಎಡಕ್ಕೆ ಹಾರಿದರೆ ಬೆಕ್ಕು ನಾಚಬೇಕು. ಆದರೆ ಊರು ಬಿಡಲು ಒಲ್ಲೆ ಎಂದವನು. ಅಮ್ಮನ ಕೈಯಡುಗೆ, ಅಪ್ಪ ಬಿಟ್ಟುಹೋದ ಮುದಿ ಕುದುರೆ, ಭಾನುವಾರದ ಆಟ ಇಷ್ಟಿದ್ದರೆ ಅವನಿಗೆ ಸ್ವರ್ಗ.

ಇಬ್ಬರೂ ಹುಟ್ಟಿದ್ದು ನವೆಂಬರಿನಲ್ಲಿ. ನಮ್ಮ ಕಡೆ ಒಂದೇ ತಿಂಗಳಲ್ಲಿ ಹುಟ್ಟಿದ ಅಣ್ಣತಮ್ಮಂದಿರ ಮೇಲೆ ತಾಯಂದಿರು ಒಂದು ಕಣ್ಣು ಇಟ್ಟೇ ಇರುತ್ತಾರೆ. ಅವರಿಬ್ಬರ ಜೀವ ಒಂದೇ ಹಗ್ಗದ ಎರಡು ತುದಿಯಂತೆ. ಒಬ್ಬ ಸತ್ತರೆ ಇನ್ನೊಬ್ಬನನ್ನು ತನ್ನ ಕಡೆಗೆ ಎಳೆದುಕೊಳ್ಳುತ್ತಾನಂತೆ. ಓದಿದವರು ನಗುತ್ತಾರೆ. ನಗುವವರೂ ತಮ್ಮ ಮನೆಯಲ್ಲಿ ಅಂಥ ಮಕ್ಕಳಿದ್ದರೆ ಇದನ್ನು ಜೋರಾಗಿ ಆಡುವುದಿಲ್ಲ.

ಒಂದು ವಸಂತದಲ್ಲಿ ಬೆಟ್ಟದ ಹಿಮ ಕರಗಿ ತಿಮೋಕ್ ಉಕ್ಕಿ ಹರಿಯುತ್ತಿದ್ದಾಗ, ಆಟದ ನಡುವೆ ಚೆಂಡು ಹೊಳೆಗೆ ಬಿತ್ತು. ಗೋಲಿನ ಹಿಂದೆಯೇ ಹೊಳೆ ಇರುವ ನಮ್ಮೂರಲ್ಲಿ ನೀರಿಗೆ ಬಿದ್ದ ಚೆಂಡು ತರುವುದು ಗೋಲ್‌ಕೀಪರನ ಕೆಲಸ. ತಿಹೋಮಿರ್ ಹೋದ. ಚೆಂಡು ಮರಳಿ ದಂಡೆಗೆ ಬಂದು ಬಿತ್ತು, ಅವನು ಬರಲಿಲ್ಲ. ಕೆಳಗಿನ ಹಳೆಯ ಗಿರಣಿಯ ಹತ್ತಿರ ಸಿಕ್ಕಿದ.

ಸುದ್ದಿ ಮುಟ್ಟಿದ ಗಳಿಗೆಯಲ್ಲೇ ವೆಲಿಬೋರ್ ಗ್ರೀಸಿನಿಂದ ಹೊರಟ. ಆದರೆ ಯುದ್ಧ, ದಿಗ್ಬಂಧನದ ಆ ವರ್ಷಗಳಲ್ಲಿ ನಮ್ಮ ದೇಶವೆಂದರೆ ಸುತ್ತಲಿನವರಿಗೆಲ್ಲ ಮೈಲಿಗೆ. ನಮ್ಮ ಪಾಸ್‌ಪೋರ್ಟ್ ಹಿಡಿದವನನ್ನು ಗಡಿಯವರು ಕಳ್ಳನಂತೆ ಕೂರಿಸುತ್ತಿದ್ದರು. ಅವನು ಮನೆ ತಲುಪಿದಾಗ ತಮ್ಮನ ಗೋರಿಯ ಮಣ್ಣು ಆಗಲೇ ಒಣಗಿತ್ತು. ಅಮ್ಮ ಅವನ ಎಡಗೈಯನ್ನು ಹಿಡಿದುಕೊಂಡು ಬಹಳ ಹೊತ್ತು ಅತ್ತಳು.

ಮರಳಿ ಹೋದ ಮೊದಲ ಆಟದಲ್ಲೇ ಕೈ ಎದ್ದಿತು. ಮುಖ್ಯ ಕೀಪರನ ಕಾಲು ಮುರಿದು ಇವನನ್ನು ಇಳಿಸಿದ್ದರು. ಎಡಮೂಲೆಗೆ ಬಂದ ಚೆಂಡನ್ನು ಕಣ್ಣು ಕಾಣುವ ಮೊದಲೇ ಕೈ ಕಂಡಿತು. ಮಣಿಕಟ್ಟನ್ನು ಯಾರೋ ಹಿಡಿದು ಜಗ್ಗಿದಂತಾಯಿತು. ಆ ಜಗ್ಗುವಿಕೆ ಅವನಿಗೆ ಗೊತ್ತಿದ್ದದ್ದೇ. ಚಿಕ್ಕಂದಿನಲ್ಲಿ ತಮ್ಮ ತಿಹೊ ಅವನನ್ನು ಹೊಳೆಗೆ ಕರೆದೊಯ್ಯುತ್ತಿದ್ದದ್ದು ಹಾಗೆಯೇ. ಅವತ್ತು ವೆಲಿಬೋರ್ ಗೋಲಿನಲ್ಲಿ ನಿಂತೇ ಅತ್ತುಬಿಟ್ಟ. ಜನ ಗೆಲುವಿನ ಕಣ್ಣೀರು ಎಂದುಕೊಂಡರು.

ಅಲ್ಲಿಂದ ಮುಂದೆ ಬೆಂಚಿನ ಮುಖ ನೋಡಲಿಲ್ಲ. ಗ್ರೀಸ್, ಟರ್ಕಿ, ಸೈಪ್ರಸ್, ಎಲ್ಲಿ ಹೋದರೂ ಗೋಲು ಅವನದೇ. ಆಟಕ್ಕೆ ಮುನ್ನ ಗ್ಲೌಸ್ ಹಾಕುತ್ತಾ ಎಡಗೈಗೆ ಮಾತ್ರ ಕೇಳುವಂತೆ, "ಬಾರೋ ತಿಹೊ" ಎನ್ನುತ್ತಿದ್ದ. ಮೈದಾನದಲ್ಲಿ ಗೋಲ್‌ಕೀಪರನಷ್ಟು ಒಂಟಿ ಇನ್ನೊಬ್ಬನಿಲ್ಲ ಎನ್ನುತ್ತಾರೆ. ವೆಲಿಬೋರ್ ಒಂಟಿಯಾಗಿರಲಿಲ್ಲ. ಸತ್ತ ತಮ್ಮ ತನಗೆ ನೆರವಾಗುತ್ತಿದ್ದಾನೆ ಎಂದೇ ಅವನು ನಂಬಿದ್ದ. ಹುಟ್ಟುತ್ತಾ ಅಣ್ಣತಮ್ಮಂದಿರು, ಬೆಳೆಯುತ್ತಾ ದಾಯಾದಿಗಳು ಎನ್ನುವ ಲೋಕದಲ್ಲಿ ಸತ್ತ ಮೇಲೂ ಕೈಬಿಡದ ತಮ್ಮ ಎಷ್ಟು ಜನಕ್ಕೆ ಸಿಗುತ್ತಾನೆ?

ನಲವತ್ತು ಹತ್ತಿರವಾದಾಗ ಆಡುವುದನ್ನು ನಿಲ್ಲಿಸಿದ, ಕೋಚ್ ಆದ. ಕಷ್ಟ ಶುರುವಾದದ್ದು ಆಗ. ಹಿಡಿಯಲು ಚೆಂಡಿಲ್ಲದಿದ್ದರೂ ಕೈ ಎಳೆಯುವುದನ್ನು ಬಿಡಲಿಲ್ಲ. ಊಟಕ್ಕೆ ಕೂತರೆ ಎಡಗಡೆಯ ಲೋಟ ನೆಲಕ್ಕೆ ಬೀಳುತ್ತಿತ್ತು. ಕಾರು ಓಡಿಸಿದರೆ ಸ್ಟೀರಿಂಗ್ ಎಡಕ್ಕೆ ಹೊರಳುತ್ತಿತ್ತು, ಒಮ್ಮೆ ಕಂದಕಕ್ಕೆ ಬಿದ್ದು ಬದುಕಿದ. ಅವನ ಹೆಂಡತಿ ಗ್ರೀಸಿನವಳು, ಸುಮ್ಮನೆ ಹೆದರುವ ಹೆಂಗಸಲ್ಲ. ಅವಳೇ ಒಂದು ದಿನ ಪೆಟ್ಟಿಗೆ ಕಟ್ಟಿದಳು. "ನೀನು ಮಲಗಿದ ಮೇಲೆ ನಿನ್ ಕೈ ಮಲಗಲ್ಲ. ಮಂಚದ ಕೆಳಗೆ ಇಳಿಬಿದ್ದು ಯಾರನ್ನೋ ತಡಕ್ತಾ ಇರುತ್ತೆ. ಯಾರನ್ನ ಅಂತ ತಿಳ್ಕೊಳ್ಳೋಕೂ ನಂಗಿಷ್ಟ ಇಲ್ಲ" ಎಂದು ಹೇಳಿ ತವರಿಗೆ ಹೋದಳು. ಡಾಕ್ಟರುಗಳು ನರ ಎಂದರು. ನರ ಎಂದರೆ ಆಯಿತಲ್ಲ, ಡಾಕ್ಟರಿಗೆ ಗೊತ್ತಿಲ್ಲದ್ದೆಲ್ಲ ನರವೇ.

ಕೊನೆಗೆ ಅಮ್ಮನೂ ತೀರಿಕೊಂಡ ಎಷ್ಟೋ ವರ್ಷದ ಮೇಲೆ ಊರಿನ ತಂಡವೇ ಅವನನ್ನು ಕೋಚ್ ಆಗಿ ಕರೆಯಿತು. ದೇಶ ಸುತ್ತಿ ಸಾಕಾಗಿತ್ತು, ಬಂದ. ಹೊಳೆಯ ವಾಸನೆ ಮೂಗಿಗೆ ಬಡಿದ ಗಳಿಗೆಯಿಂದ ಕೈ ಮೊದಲಿನಂತಿರಲಿಲ್ಲ. ಅದು ಬರೀ ಎಡಕ್ಕೆ ಎಳೆಯುವುದನ್ನು ಬಿಟ್ಟಿತು. ಅವನು ಎತ್ತ ತಿರುಗಿ ನಿಂತರೂ ಗುಡ್ಡದ ಮೇಲಿನ ಸ್ಮಶಾನದ ಕಡೆಗೋ ಕೆಳಗಿನ ಹೊಳೆಯ ಕಡೆಗೋ ಬೆರಳು ಚಾಚುತ್ತಿತ್ತು. ಬೆಂಚಿನ ಮೇಲೆ ಕೂರುವಾಗ ಅವನು ಅದನ್ನು ಮಫ್ಲರಿನಿಂದ ಹೊಟ್ಟೆಗೆ ಬಿಗಿದುಕೊಳ್ಳುತ್ತಿದ್ದ. ಊರಿನವರು ಇದನ್ನು ನೋಡಿದರು. ಬೇರೆ ಊರಾಗಿದ್ದರೆ ಏನಾಯ್ತೆಂದು ಕೇಳುತ್ತಿದ್ದರು. ನಮ್ಮೂರಲ್ಲಿ ಯಾರೂ ಕೇಳಲಿಲ್ಲ. ಬೀದಿಯಲ್ಲಿ ಸಿಕ್ಕರೆ ಅವನ ಬಲಗಡೆಗೆ ಬಂದು ಮಾತಾಡಿಸಿ ಹೋಗುತ್ತಿದ್ದರು.

ಅಕ್ಟೋಬರಿನ ಒಂದು ಮಧ್ಯಾಹ್ನ ಸೇತುವೆ ದಾಟುವಾಗ ಕೈ ಅವನನ್ನು ಕಟ್ಟೆಯ ಮೇಲೆ ಎಳೆದು ಹಾಕಿತು. ಅರ್ಧ ಮೈ ನೀರಿನ ಮೇಲೆ ತೂಗಾಡಿತು. ಬಲಗೈಯಿಂದ ದೀಪದ ಕಂಬ ತಬ್ಬಿಕೊಂಡ. ಒಂದು ಕೈ ಸಾವಿಗೆ, ಒಂದು ಕೈ ಬದುಕಿಗೆ ಜಗ್ಗಾಡುತ್ತಿರಲು ನಡುವೆ ತಾನು ಹಿಂಡಿದ ಬಟ್ಟೆಯಂತಾದ. ಬ್ರೆಡ್ಡಿನ ವ್ಯಾನಿನವನೊಬ್ಬ ಓಡಿ ಬಂದು ಹಿಡಿದುಕೊಂಡ. ವೆಲಿಬೋರನಿಗೆ ಅವತ್ತು ಮೊದಲ ಸಲ ತಮ್ಮನ ಬಗ್ಗೆ ಭಯ ಹುಟ್ಟಿತು. ನೆರವಾಗುವವನು ಹೀಗೆ ಎಳೆಯುವುದಿಲ್ಲ.

ನೇರವಾಗಿ ಪೆರ್ಸಾ ಚಿಕ್ಕಮ್ಮನ ಮನೆಗೆ ಹೋದ. ಅಪ್ಪನ ತಮ್ಮನ ಹೆಂಡತಿ. ಆ ಮನೆತನದಲ್ಲಿ ಉಳಿದ ಒಬ್ಬಳೇ ಹಿರಿಯಳು. ಅಂಗಳದಲ್ಲಿ ಒಲೆ ಹೂಡಿ ಚಳಿಗಾಲದ ಚಟ್ನಿಗೆಂದು ಕೆಂಪು ದೊಣ್ಣೆಮೆಣಸಿನಕಾಯಿ ಸುಡುತ್ತಾ ಕೂತಿದ್ದಳು.

"ಚಿಕ್ಕಮ್ಮ, ಈ ಊರಿಗೆಲ್ಲ ಏನೋ ಗೊತ್ತಿದೆ. ನಂಗೆ ಮಾತ್ರ ಗೊತ್ತಿಲ್ಲ. ಏನದು?"

"ಮೆಣಸಿನಕಾಯಿ ಸೀದುಹೋಗ್ತಿದೆ, ಸುಮ್ನಿರು."

"ಸೇತುವೆ ಮೇಲಿಂದ ಬೀಳೋನಿದ್ದೆ ಈಗ."

ಅವಳು ಇಕ್ಕಳ ಕೆಳಗಿಟ್ಟಳು. ಹೊಗೆಗೋ ಮತ್ತೆ ಯಾವುದಕ್ಕೋ ಕಣ್ಣು ಒರೆಸಿಕೊಂಡಳು.

"ನಿಮ್ಮಮ್ಮ ನನ್ ಹತ್ರ ಆಣೆ ಹಾಕಿಸಿಕೊಂಡಿದ್ಲು ಕಣೋ. ಆಣೆ ಹಾಕಿಸಿಕೊಂಡೋಳು ಹೋದ್ಲು, ನುಂಗೋಕೂ ಆಗ್ದೆ ಉಗುಳೋಕೂ ಆಗ್ದೆ ಒದ್ದಾಡ್ತಿರೋಳು ನಾನು. ಒಂದೇ ತಿಂಗಳವರಲ್ಲಿ ಒಬ್ಬ ಸತ್ರೆ ಏನ್ ಮಾಡ್ತಾರೆ ಗೊತ್ತಲ್ವಾ ನಿಂಗೆ?"

"ಕೋಳ ಹಾಕ್ತಾರೆ."

"ಹಾಂ. ಸತ್ತೋನ ಕಾಲಿಗೊಂದು, ಬದುಕಿರೋನ ಕಾಲಿಗೊಂದು, ಕುದುರೆ ಕೋಳ. ಬದುಕಿರೋನು ಮೂರು ಸಲ ಕೂಗ್ಬೇಕು, ಯಾರಾದ್ರೂ ನನ್ನಣ್ಣತಮ್ಮ ಆಗಿ ನನ್ನನ್ನ ಬಿಡಿಸಿ ಅಂತ. ಯಾರು ಓಗೊಟ್ಟು ಬೀಗ ತೆಗೀತಾರೋ ಅವರೇ ಅವತ್ತಿಂದ ಅವನ ಒಡಹುಟ್ಟಿದೋರು. ಸತ್ತೋನ ಹಕ್ಕು ಅಲ್ಲಿಗೆ ಮುಗೀತು."

"ನಾನು ಬರ್ಲಿಲ್ಲವಲ್ಲ. ನಂಗೆ ಹಾಕ್ಲೇ ಇಲ್ಲ."

"ಹಾಕದೇ ಬಿಟ್ಟಿದ್ರೆ ದೇವರು ನೋಡ್ಕೊಳ್ತಿದ್ದನೇನೋ. ತಾಯಿಕರುಳು ಬಿಡುತ್ತಾ? ನಿಂದೊಂದು ಹಳೇ ಗ್ಲೌಸ್ ಮನೇಲಿತ್ತು, ಎಡಗೈದು. ಅದನ್ನೇ ನೀನು ಅಂತ ಇಟ್ಟು, ತಿಹೋನ ಕಾಲಿಗೂ ಅದಕ್ಕೂ ಕೋಳ ಹಾಕಿದ್ಲು. ನಿನ್ ಬದಲು ತಾನೇ ನಿಂತು ಮೂರು ಸಲ ಕೂಗಿದ್ಲು." ಪೆರ್ಸಾ ಇಕ್ಕಳ ಎತ್ತಿ ಕೆಂಡ ಕೆದಕಿದಳು. "ಯಾರೂ ಓಗೊಡಲಿಲ್ಲ. ಗ್ಲೌಸಿಗೆ ತಮ್ಮ ಆಗೋಕೆ ಯಾರಿಗಪ್ಪಾ ಧೈರ್ಯ? ಬಟ್ಟೆ ಒಗೆಯೋ ಝಿವಾದಿನ್ ಒಂದು ಹೆಜ್ಜೆ ಇಟ್ಟಿದ್ದ, ಅವನ ಹೆಂಡ್ತಿ ಕೋಟು ಹಿಡಿದು ಎಳೆದ್ಲು. ನಾನೂ ಅಲ್ಲೇ ಇದ್ದೆ. ನಾನು ನೆಲ ನೋಡ್ತಾ ನಿಂತಿದ್ದೆ."

"ಆಮೇಲೆ?"

"ಆಮೇಲೇನು, ಮಳೆ ಬರೋ ಹಾಗಿತ್ತು. ಪಾದ್ರಿ ಅವಸರ ಮಾಡಿದ್ರು. ಬೀಗ ಹಾಕಿದ ಹಾಗೇ, ಗ್ಲೌಸ್ ಸಮೇತ ಹೂತುಬಿಟ್ರು."

ವೆಲಿಬೋರ್ ತನ್ನ ಎಡಗೈಯನ್ನು ನೋಡಿದ. ಅದು ಮಫ್ಲರಿನೊಳಗೆ ಮೆಲ್ಲಗೆ ಮಗ್ಗುಲು ಬದಲಿಸಿತು. ಜೀವನವಿಡೀ ಜನ ಚಪ್ಪಾಳೆ ತಟ್ಟಿದ್ದು ಗೋರಿಯೊಳಗಿನಿಂದ ಜಗ್ಗುತ್ತಿದ್ದ ಒಂದು ಕೋಳಕ್ಕೆ ಎಂದು ಈಗ ತಿಳಿಯಿತು. ಚೆಂಡು ನಡುವೆ ಬಂದು ಸಿಕ್ಕಿಕೊಳ್ಳುತ್ತಿತ್ತು, ಅಷ್ಟೇ.

"ಈಗ ಏನ್ ಮಾಡೋದು ಚಿಕ್ಕಮ್ಮ?"

"ಕೋಳ ಎರಡು ಜೊತೆ ಇತ್ತು, ಬೀಗದ ಕೈ ಒಂದೇ. ಅದು ನನ್ ಹತ್ರ ಇದೆ. ಸತ್ತೋರ ಶನಿವಾರ ಬರ್ತಿದೆಯಲ್ಲ, ಊರೆಲ್ಲ ಗೋರಿ ಹತ್ರ ಇರ್ತಾರೆ. ಅವನ ಶಿಲುಬೆಗೊಂದು, ನಿನ್ ಕೈಗೊಂದು ಹಾಕಿ ನೀನೇ ಕೂಗು. ಆದ್ರೆ ನೋಡು, ಮೂರನೇ ಸಲಕ್ಕೂ ಯಾರೂ ಬರ್ಲಿಲ್ಲ ಅಂದ್ರೆ..." ಒಲೆಯ ಮೇಲೆ ಮೆಣಸಿನಕಾಯಿ ಕರಕಲಾಗಿ ಹೋಗಿತ್ತು.

ಊರು ಸಣ್ಣದು, ಮಾರನೆಯ ದಿನಕ್ಕೆ ಎಲ್ಲರಿಗೂ ಗೊತ್ತಾಯಿತು. ತಂಡದಲ್ಲಿ ಇದನ್ನು ಬಾಯಿಬಿಟ್ಟು ಕೇಳಿದವನು ಸ್ರೆಟೆನ್ ಒಬ್ಬನೇ. ಬೆಟ್ಟದ ಆಚೆಯ ಹಳ್ಳಿಯಿಂದ ಆ ಬೇಸಿಗೆಯಲ್ಲಿ ಬಂದು ಸೇರಿದ ಗೋಲ್‌ಕೀಪರ್, ಇಪ್ಪತ್ತೆರಡರ ಪ್ರಾಯ. ಹಿಂದೆ ಮುಂದೆ ಯಾರೂ ಇಲ್ಲ. ಸಾಕಿದ ಅಜ್ಜಿಯೂ ಹೋಗಿದ್ದಳು. ಬೆಲ್‌ಗ್ರೇಡಿನವರು ಎರಡು ಸಲ ಪರೀಕ್ಷೆಗೆ ಕರೆದು ಎರಡು ಸಲವೂ ವಾಪಸು ಕಳಿಸಿದ್ದರು. ಬಲಕ್ಕೆ ಚೆನ್ನಾಗಿ ಹಾರುತ್ತಾನೆ, ಎಡಕ್ಕೆ ಸಾಲದು ಎಂದು. ವೆಲಿಬೋರ್ ಅವನ ಮೇಲೆ ಬಹಳ ದುಡಿದ. ಚೆಂಡಿನ ಮೇಲೆ ಚೆಂಡು ಎಡಕ್ಕೆ ಒದೆದ. ಹುಡುಗ ಕೆಸರಿನಲ್ಲಿ ಬಿದ್ದು ಎದ್ದು ಮತ್ತೆ ನಿಲ್ಲುತ್ತಿದ್ದ, ಗೊಣಗುತ್ತಿರಲಿಲ್ಲ. ನಮ್ಮ ಹುಡುಗರಲ್ಲಿ ಇಂಥ ಹಟ ಈಗ ಕಾಣುವುದಿಲ್ಲ. ಆದರೂ ಎಡಮೂಲೆಯ ಚೆಂಡು ಅವನ ಬೆರಳ ತುದಿ ಸವರಿಕೊಂಡು ಒಳಗೆ ಹೋಗುತ್ತಿತ್ತು.

"ಗುರುಗಳೇ, ಆ ಕೈ ನಿಮಗೆ ಯಾವಾಗ ಬಂತು?" ಒಂದು ಸಂಜೆ ಅಭ್ಯಾಸ ಮುಗಿದ ಮೇಲೆ ಗೋಲುಕಂಬಕ್ಕೆ ಒರಗಿ ಕೂತು ಸ್ರೆಟೆನ್ ಕೇಳಿದ.

"ತಮ್ಮ ಹೋದ್ಮೇಲೆ. ಅದು ನಂದಲ್ಲವೋ, ನಿಂಗೆ ಹೇಳಿದೀನಲ್ಲ. ಕಲಿಸೋಕೆ ಆಗಲ್ಲ."

"ಹೋದ್ಮೇಲೆ ಎಷ್ಟು ದಿನಕ್ಕೆ?"

"ಮೊದಲ ಆಟಕ್ಕೇ."

"ಮೊದಲ ಆಟಕ್ಕೇ!" ಹುಡುಗ ಗ್ಲೌಸ್ ಬಿಚ್ಚಿ ಮಣ್ಣು ಕೊಡವಿದ. "ನೋವಾಗ್ತಿತ್ತಾ?"

"ಇಲ್ಲ. ಬೆರಳು ಎಷ್ಟು ಸಲ ಮುರೀತು ಲೆಕ್ಕ ಇಲ್ಲ, ಒಂದು ಸಲಾನೂ ನೋವಾಗ್ಲಿಲ್ಲ. ಆದ್ರೆ ಈಗ ನನ್ನನ್ನ ಕೊಲ್ಲುತ್ತೆ ಅದು. ಎಲ್ಲಾ ಮುಗಿದ್ಮೇಲೆ ತಾನೇ ಬಡ್ಡಿ ಕೇಳೋದು."

"ಇಪ್ಪತ್ತು ವರ್ಷ ಆಡಿದ್ರಲ್ಲ ಗುರುಗಳೇ" ಎಂದ ಸ್ರೆಟೆನ್. ವೆಲಿಬೋರನಿಗೆ ಆ ಮಾತಿನಲ್ಲಿ ಕನಿಕರ ಕೇಳಿಸಿತು. ಪಾಪದ ಹುಡುಗ, ತಂದೆತಾಯಿ ಇಲ್ಲದವನಿಗೆ ಇನ್ನೊಬ್ಬರ ಕಷ್ಟ ಗೊತ್ತಾಗುತ್ತದೆ ಎಂದುಕೊಂಡ. ಅವನ ತಲೆ ಸವರಿ ಮನೆಗೆ ಕಳಿಸಿದ.

ನವೆಂಬರಿನ ಮೊದಲ ವಾರ, ಸತ್ತವರ ಶನಿವಾರ ಬೆಳಗ್ಗೆ ಮಂಜು ಎಷ್ಟು ದಟ್ಟವಾಗಿತ್ತೆಂದರೆ ಗುಡ್ಡದ ಕೆಳಗೆ ಊರೇ ಇಲ್ಲವೆನ್ನಬೇಕು. ಹೆಂಗಸರು ಗೋರಿಗಳ ಮೇಲೆ ಬಟ್ಟೆ ಹಾಸಿ ಬೇಯಿಸಿದ ಸಿಹಿ ಗೋಧಿ, ರೊಟ್ಟಿ, ಹುರಿದ ಮೀನು ಇಟ್ಟಿದ್ದರು. ಮೇಣದ ಬತ್ತಿಗಳು ಉರಿಯುತ್ತಿದ್ದವು. ಪ್ಲಮ್ ಹಣ್ಣಿನ ಸಾರಾಯಿಯನ್ನು ಮೊದಲು ಸತ್ತವರಿಗೆಂದು ಮಣ್ಣಿಗೆ ಚೆಲ್ಲಿ, ಉಳಿದದ್ದನ್ನು ಗಂಡಸರು ಕುಡಿಯುತ್ತಿದ್ದರು. ಸಾಮಾನ್ಯವಾಗಿ ಆ ದಿನ ನಮ್ಮ ಸ್ಮಶಾನದಲ್ಲಿ ಸಂತೆಯಷ್ಟೇ ಗದ್ದಲ. ವೆಲಿಬೋರ್ ಮೆಟ್ಟಿಲು ಹತ್ತಿ ಬಂದಾಗ ಮಾತು ಒಂದೊಂದೇ ಗೋರಿಯ ಬಳಿ ನಿಂತುಹೋಯಿತು. ಅವನ ಎಡಗೈ ಮಫ್ಲರಿನಿಂದ ತಾನೇ ಬಿಡಿಸಿಕೊಂಡು ಮುಂದೆ ಚಾಚಿತ್ತು. ಅವನು ದಾರಿ ನೋಡುವ ಅಗತ್ಯವಿರಲಿಲ್ಲ. ಕೈ ಅವನನ್ನು ಗೋರಿಗಳ ನಡುವೆ ಎಲ್ಲೂ ತಪ್ಪದೆ ಕರೆದುಕೊಂಡು ಹೋಯಿತು.

ಪೆರ್ಸಾ ಕೋಳದ ಒಂದು ಬಳೆಯನ್ನು ತಿಹೋಮಿರನ ಕಲ್ಲಿನ ಶಿಲುಬೆಗೆ, ಇನ್ನೊಂದನ್ನು ವೆಲಿಬೋರನ ಮಣಿಕಟ್ಟಿಗೆ ಹಾಕಿ ಬೀಗ ತಿರುಗಿಸಿದಳು. ಬೀಗದ ಕೈಯನ್ನು ಗೋಧಿಯ ತಟ್ಟೆಯ ಪಕ್ಕ ಇಟ್ಟಳು. ಕಬ್ಬಿಣ ತಣ್ಣಗಿರಬೇಕಿತ್ತು, ಆದರೆ ಯಾರದೋ ಅಂಗೈಯಂತೆ ಬೆಚ್ಚಗಿತ್ತು. ಕೈ ತಕ್ಷಣ ಶಾಂತವಾಯಿತು. ಬಹುದಿನ ಕಾದವನು ಬಾಗಿಲು ತೆರೆದಾಗ ಸುಮ್ಮನಾಗುವಂತೆ ಸುಮ್ಮನಾಯಿತು. ವೆಲಿಬೋರನಿಗೆ ಅದೇ ಹೆಚ್ಚು ಹೆದರಿಕೆ ತಂದಿತು.

"ದೇವರ ಸಾಕ್ಷಿಯಾಗಿ ಯಾರಾದ್ರೂ ನನ್ನ ಅಣ್ಣತಮ್ಮ ಆಗಿ" ಎಂದು ಕೂಗಿದ. "ಸತ್ತೋನಿಂದ ನನ್ನನ್ನ ಬಿಡಿಸಿ. ಇವತ್ತಿಂದ ನೀವೇ ನನ್ನ ಒಡಹುಟ್ಟಿದೋರು!"

ಮಂಜಿನಲ್ಲಿ ಯಾರೋ ಕೆಮ್ಮಿದರು. ಝಿವಾದಿನ್ ಈಗ ಹಣ್ಣುಮುದುಕ. ತನ್ನ ಹೆಂಡತಿಯ ಗೋರಿಯ ಪಕ್ಕ ನಿಂತು ತನ್ನ ಬೂಟಿನ ಲೇಸನ್ನೇ ನೋಡುತ್ತಿದ್ದ. ಈಗ ಕೋಟು ಹಿಡಿದೆಳೆಯುವವಳು ಮಣ್ಣಿನ ಕೆಳಗಿದ್ದಳು, ಆದರೂ ಅವನು ಅಲುಗಾಡಲಿಲ್ಲ. ಚೆನ್ನಾಗಿ ಆಡಿದಾಗ ಹೆಗಲ ಮೇಲೆ ಹೊತ್ತವರು, ಹೆಸರು ಹೇಳಿ ಕುಡಿದವರು ಎಲ್ಲರೂ ಅಲ್ಲಿದ್ದರು. ಊರಿನ ಪ್ರೀತಿ ಎಷ್ಟು ದೂರ ಬರುತ್ತದೆಂದು ತಿಳಿಯಬೇಕಾದರೆ ಅದನ್ನು ಸ್ಮಶಾನಕ್ಕೆ ಕರೆದು ನೋಡಬೇಕು.

ಎರಡನೆಯ ಸಲ ಕೂಗಿದ. ಕೋಳ ಮೆಲ್ಲಗೆ ಕೆಳಕ್ಕೆ ಜಗ್ಗಿತು. ಯಾರೂ ಮುಟ್ಟಿರಲಿಲ್ಲ. ಅವನು ಒಂದು ಮೊಣಕಾಲೂರಿದ. ಮೇಣದ ಬತ್ತಿಗಳು ಗಾಳಿಯಿಲ್ಲದೆ ಒಂದೇ ಕಡೆಗೆ ಬಾಗಿದವು. ಪೆರ್ಸಾ ಶಿಲುಬೆಯ ಗುರುತು ಹಾಕಿಕೊಂಡು, "ಕೂಗೋ ಮಗನೇ, ನಿಲ್ಲಿಸ್ಬೇಡ" ಎಂದಳು.

ಬದುಕಬೇಕೆಂಬ ಆಸೆ ಅಷ್ಟು ನಾಚಿಕೆಗೇಡಿಯಾಗಿ ತನ್ನಲ್ಲಿದೆ ಎಂದು ವೆಲಿಬೋರನಿಗೆ ಅಲ್ಲಿಯವರೆಗೆ ಗೊತ್ತಿರಲಿಲ್ಲ. ಮೂರನೆಯ ಸಲ ಅವನು ಕೂಗಿದ್ದು ಕೂಗಲ್ಲ, ಅಂಗಲಾಚಿದ್ದು.

"ಬಂದೆ!"

ಕೆಳಗಿನ ಮೆಟ್ಟಿಲ ಕಡೆಯಿಂದ ದನಿ ಬಂತು. ಮಂಜಿನೊಳಗಿಂದ ಸ್ರೆಟೆನ್ ಓಡಿ ಬಂದ. ಬೀಗದ ಕೈ ತೆಗೆದುಕೊಂಡು, "ದೇವರ ಸಾಕ್ಷಿಯಾಗಿ ಇವತ್ತಿಂದ ನಾನು ನಿಮ್ಮ ತಮ್ಮ, ನೀವು ನನ್ನಣ್ಣ" ಎಂದು ತಡವರಿಸದೆ ಹೇಳಿ ತಿರುಗಿಸಿದ. ಕೋಳ ಕಳಚಿ ಕಲ್ಲಿಗೆ ಬಡಿಯಿತು.

ಮೊದಲು ನೋವು ಬಂತು. ವರ್ಷಗಳಲ್ಲಿ ಮುರಿದ ಬೆರಳುಗಳೆಲ್ಲ, ತಿರುಚಿದ ಮಣಿಕಟ್ಟೆಲ್ಲ ಒಟ್ಟಿಗೆ ನೋಯತೊಡಗಿದವು. ವೆಲಿಬೋರ್ ಹಲ್ಲು ಕಚ್ಚಿ, ಕೈ ಎದೆಗೊತ್ತಿಕೊಂಡು ನಕ್ಕ, ಅತ್ತ. ಅದು ಈಗ ಒಬ್ಬ ಮುದುಕನ ಕೈ, ಅವನದೇ ಕೈ. ಎತ್ತು ಎಂದರೆ ಎತ್ತಿತು, ಇಳಿ ಎಂದರೆ ಇಳಿಯಿತು. ಹುಡುಗನನ್ನು ತಬ್ಬಿಕೊಂಡು ಮೂರು ಸಲ ಕೆನ್ನೆಗೆ ಮುತ್ತಿಟ್ಟ. ಜನಕ್ಕೆ ಉಸಿರು ಬಂತು. ಯಾರೋ ಸಾರಾಯಿ ತಂದರು, ಯಾರೋ ಚಪ್ಪಾಳೆಯನ್ನೂ ತಟ್ಟಿದರು. ಓಗೊಡದವರೇ ಮುಂದೆ ಬಂದು ಬೆನ್ನು ತಟ್ಟಿದರು. ಜನ ಎಂದರೆ ಹಾಗೇ.

ಪೆರ್ಸಾ ರೊಟ್ಟಿ ಮುರಿದು ಹೊಸ ಅಣ್ಣತಮ್ಮಂದಿರಿಗೆ ಅರ್ಧರ್ಧ ಕೊಟ್ಟಳು. "ಇನ್ಮೇಲೆ ಪಾದ್ರಿ ನಿಮ್ಮಿಬ್ರ ಹೆಸರು ಒಟ್ಟಿಗೇ ಓದಬೇಕು. ನೀನು ಹುಟ್ಟಿದ್ದು ಯಾವತ್ತಪ್ಪ? ಆ ದಿನ ನಿನ್ ಹೆಸರಲ್ಲಿ ಬತ್ತಿ ಹಚ್ಚಿಸ್ತೀನಿ."

"ಇದೇ ತಿಂಗಳು ಅಜ್ಜಿ" ಎಂದ ಸ್ರೆಟೆನ್, ರೊಟ್ಟಿ ಕಚ್ಚುತ್ತಾ. "ಇಪ್ಪತ್ತೊಂದಕ್ಕೆ."

ಪೆರ್ಸಾಳ ಕೈ ತಟ್ಟೆಯ ಮೇಲೇ ನಿಂತಿತು. ಬೆನ್ನು ತಟ್ಟುತ್ತಿದ್ದವರು ಒಬ್ಬೊಬ್ಬರಾಗಿ ಹಿಂದೆ ಸರಿದು ತಮ್ಮ ತಮ್ಮ ಗೋರಿಗಳ ಬಳಿ ಬತ್ತಿ ಸರಿಮಾಡಲು ಹೋದರು. ವೆಲಿಬೋರನಿಗೆ ಅರ್ಥವಾಗಲು ಸ್ವಲ್ಪ ಹೊತ್ತು ಹಿಡಿಯಿತು. ಆಟಗಾರರ ಹುಟ್ಟಿದ ದಿನ ನೋಡುವುದು ಕಾರ್ಯದರ್ಶಿಯ ಕೆಲಸ. ಅವನು ಹುಡುಗರ ಕಾಲು ನೋಡಿದ್ದನೇ ಹೊರತು ಕಾಗದ ನೋಡಿರಲಿಲ್ಲ. ಈಗ ಅವರಿಬ್ಬರೂ ದೇವರ ಸಾಕ್ಷಿಯಾದ ಅಣ್ಣತಮ್ಮಂದಿರು, ಇಬ್ಬರೂ ಒಂದೇ ತಿಂಗಳವರು.

"ಅಯ್ಯೋ, ಮಗುವಿಗೆ ಗೊತ್ತಿರ್ಲಿಲ್ಲ ಚಿಕ್ಕಮ್ಮ" ಎಂದು ಅವನು ಗಾಬರಿಯಾಗಿ ಎಡಗೈಯನ್ನು ಮುಂದೆ ಚಾಚಿದ. "ಮತ್ತೆ ಹಾಕು. ಕೋಳ ನಂಗೇ ವಾಪಸ್ ಹಾಕು. ನಾನು ಸತ್ರೆ ಇವನನ್ನ ಎಳ್ಕೊಂಡು ಹೋಗ್ತೀನಿ. ನಂಗೆ ವಯಸ್ಸಾಯ್ತು, ನಾನೇ ಅನುಭವಿಸ್ತೀನಿ."

"ಬಿಚ್ಚಿದ್ದನ್ನ ಮತ್ತೆ ಹಾಕೋ ಹಾಗಿಲ್ಲ" ಎಂದಳು ಪೆರ್ಸಾ. ಅವಳು ವೆಲಿಬೋರನನ್ನು ನೋಡುತ್ತಿರಲಿಲ್ಲ, ಹುಡುಗನ ಮುಖವನ್ನೇ ನೋಡುತ್ತಿದ್ದಳು.

"ಗೊತ್ತಿತ್ತು ಅಣ್ಣಾ" ಎಂದ ಸ್ರೆಟೆನ್. ಅವನು ಗುರುಗಳೇ ಎನ್ನುವುದನ್ನು ಆಗಲೇ ಬಿಟ್ಟಿದ್ದ. "ನಮ್ಮಜ್ಜಿ ಊರಲ್ಲೂ ಇದೇ ಪದ್ಧತಿ."

"ಗೊತ್ತಿದ್ದೂ ಯಾಕೋ ಬಂದೆ?"

ಹುಡುಗ ರೊಟ್ಟಿಯ ಕೊನೆಯ ಚೂರನ್ನು ಬಾಯಿಗೆ ಹಾಕಿಕೊಂಡು, ತನ್ನ ಎಡಗೈಯ ಬೆರಳುಗಳನ್ನು ಬಿಡಿಸಿ ಮಡಿಸಿ ನೋಡಿಕೊಂಡ. "ನಿಮ್ ತಮ್ಮ ಹೋಗೋವರೆಗೂ ನೀವೂ ನನ್ ಥರಾನೇ ಇದ್ರಂತೆ. ಊರೋರೆಲ್ಲ ಹೇಳ್ತಾರೆ. ಅವರು ಹೋದ ಮೊದಲ ಆಟಕ್ಕೇ ಕೈ ಬಂತು ಅಂತ ನೀವೇ ಹೇಳಿದ್ರಿ."

ವೆಲಿಬೋರ್ ಅವನ ಮುಖ ನೋಡಿದ. ಅಲ್ಲಿ ಕೇಡಿನ ಗುರುತೇ ಇರಲಿಲ್ಲ. ಕೆಸರಿನಲ್ಲಿ ಬಿದ್ದು ಎದ್ದು ಮತ್ತೆ ನಿಲ್ಲುವಾಗ ಇರುತ್ತಿದ್ದ ಅದೇ ತಾಳ್ಮೆಯ ಮುಖ.

"ನಂಗಿನ್ನೂ ಇಪ್ಪತ್ತೆರಡು" ಎಂದ ಸ್ರೆಟೆನ್. "ನಲವತ್ತರವರೆಗೂ ಆಡಬಹುದು. ಅವಸರ ಏನಿಲ್ಲ ಅಣ್ಣಾ."

ಮಂಜು ಇನ್ನೂ ಇಳಿಯುತ್ತಿತ್ತು. ಹುಡುಗ ಬಗ್ಗಿ ಮಫ್ಲರ್ ಎತ್ತಿಕೊಂಡು, ಒಡಹುಟ್ಟಿದವನ ಅಕ್ಕರೆಯಿಂದಲೇ ವೆಲಿಬೋರನ ಕೊರಳಿಗೆ ಸುತ್ತಿ, ಚಳಿ ತಾಗದಂತೆ ಗಂಟು ಹಾಕಿದ. "ಬನ್ನಿ, ಹೋಗೋಣ. ಮೆಟ್ಟಿಲೆಲ್ಲ ಒದ್ದೆ, ಜಾರ್ತಿವೆ. ನೀವು ಮುಂದೆ ನಡೀರಿ, ನಾನು ಹಿಂದೆ ಇರ್ತೀನಿ."

ವೆಲಿಬೋರ್ ಕಡಿದಾದ ಮೆಟ್ಟಿಲುಗಳನ್ನು ನೋಡಿದ. ಬೆನ್ನ ಹಿಂದೆ ಹುಡುಗನ ಉಸಿರು ಕೇಳಿಸುತ್ತಿತ್ತು. ತಿಹೊ, ಎಂದು ಅವನು ಒಳಗೊಳಗೇ ಕರೆದ. ಮೂರು ಸಲ ಕರೆದ. ಎಡಗಡೆ ಯಾರೂ ಇರಲಿಲ್ಲ.